ಅಹಿಂಸೆಯ ಪಾಠ: ಹೊಸರಿತ್ತಿಯ ಗುಡಿಯಿಂದ ಬ್ಯಾಡಗಿಯ ಪೇಟೆಯ ವರೆಗೆ



ಹಾವೇರಿಯಿಂದ ರಾಣಿಬೆನ್ನೂರಿಗಾಗಲಿ ಬ್ಯಾಡಗಿಗಾಗಲಿ ಪೇಟೆಯ ಕೆಲಸಕ್ಕೆ ಹೋಗುವವರು ಮೋಟೆಬೆನ್ನೂರನ್ನು ನೋಡಿಯೇ ಮುಂದೆ ಹೋಗುತ್ತಾರೆ. ಹಾವೇರಿಯಲ್ಲಿ ರೈಲು ಹತ್ತುವವರು ಆ ಊರಿನಲ್ಲಿ ಹುಟ್ಟಿದ ಒಬ್ಬರ ಹೆಸರನ್ನು ನಿಲ್ದಾಣದ ಹಲಗೆಯ ಮೇಲೆ ಓದುತ್ತಾರೆ. ಮೈಲಾರ ಮಹಾದೇವಪ್ಪನವರ ಹೆಸರು ನಮ್ಮ ಸೀಮೆಯ ಮಕ್ಕಳಿಗೂ ತಿಳಿದದ್ದೇ ಸರಿ. ಆದರೆ ಅವರ ಜೀವಿತದೊಳಗೆ ಇರುವ ಒಂದು ಕಠಿಣವಾದ ಪ್ರಶ್ನೆಯನ್ನು ನಾವು ಕೂತು ವಿಚಾರಿಸಿದ್ದು ಕಡಿಮೆ. ಆ ಪ್ರಶ್ನೆ ಯಾವದೆಂದರೆ: ಆಯುಧವನ್ನು ಮುಟ್ಟದೆ ದಾಂಡಿಯ ತನಕ ನಡೆದ ತರುಣರೇ ೧೩ ವರ್ಷಗಳ ತರುವಾಯ ಸರಕಾರದ ಹಣದ ಪೆಟ್ಟಿಗೆಯನ್ನು ಕಸಿದುಕೊಳ್ಳಲು ಹೋಗಿ ಗುಂಡಿನಿಂದ ಸತ್ತರು. ಈ ಎರಡು ಕಾರ್ಯಗಳನ್ನೂ ಅಹಿಂಸೆಯೆಂಬ ಒಂದೇ ಹೆಸರಿನಿಂದ ಕರೆಯಬಹುದೋ?

ಇದು ಹಳೇ ಕಾಲದ ಸಂಗತಿ, ನಮಗೇನು ಎಂದು ಯಾರೂ ಪುಟವನ್ನು ತಿರುವಿಹಾಕಬಾರದು. ನಮ್ಮ ಪೇಟೆಗಳಲ್ಲಿ ಈಚೆಗೆ ನಡೆದ ಸಂಗತಿಗಳು ಇದೇ ಪ್ರಶ್ನೆಯನ್ನು ನಮ್ಮ ಮನೆಯ ಬಾಗಿಲಿಗೆ ತಂದಿವೆ. ಆದಕಾರಣ ಈ ತಿಂಗಳ ಪಾಠಕ್ಕೆ ಇದನ್ನೇ ಆರಿಸಿಕೊಂಡಿದ್ದೇವೆ.

೧. ಮೋಟೆಬೆನ್ನೂರಿನ ತರುಣರು

ಮಹಾದೇವಪ್ಪನವರು ೧೯೧೧ರಲ್ಲಿ ಮೋಟೆಬೆನ್ನೂರಿನಲ್ಲಿ ಹುಟ್ಟಿದರು. ತಂದೆ ಮಾರ್ತಾಂಡಪ್ಪನವರು, ತಾಯಿ ಬಸಮ್ಮನವರು. ಎಳೇ ಪ್ರಾಯದಲ್ಲೇ ಅವರು ಗಾಂಧೀಜಿಯವರ ಸಾಬರ್ಮತಿ ಆಶ್ರಮಕ್ಕೆ ಹೋಗಿ ಸೇರಿದರು. ೧೯೩೦ನೇ ಮಾರ್ಚಿ ೧೨ರಂದು ಗಾಂಧೀಜಿಯವರು ಉಪ್ಪಿನ ಕಾಯಿದೆಯನ್ನು ಮುರಿಯುವದಕ್ಕಾಗಿ ಆಶ್ರಮವನ್ನು ಬಿಟ್ಟು ಹೊರಟಾಗ, ಅವರು ಆರಿಸಿಕೊಂಡ ೭೮ ಮಂದಿ ಸಂಗಡಿಗರೊಳಗೆ ಕರ್ನಾಟಕದಿಂದ ಹೋದವರು ಈ ೧೮ ವರ್ಷದ ತರುಣರೊಬ್ಬರೇ. ೨೪ ದಿವಸಗಳಲ್ಲಿ ಸುಮಾರು ೨೪೦ ಮೈಲು ನಡೆದು ಅವರೆಲ್ಲರೂ ಏಪ್ರಿಲ್ ೫ರಂದು ದಾಂಡಿಯನ್ನು ಮುಟ್ಟಿದರು. ಮಾರನೇ ದಿನ ಬೆಳಿಗ್ಗೆ ಗಾಂಧೀಜಿಯವರು ಸಮುದ್ರದ ದಡದಲ್ಲಿ ಉಪ್ಪನ್ನು ಎತ್ತಿಕೊಂಡರು.

ಆ ನಡಿಗೆ ಬರೀ ಮೆರವಣಿಗೆಯಾಗಿರಲಿಲ್ಲ. ನಡೆದವರು ಆಶ್ರಮದ ಶಿಸ್ತಿನಲ್ಲಿ ಬೆಳೆದವರು. ಪ್ರಾರ್ಥನೆ, ನೂಲುವದು, ದಿನಚರಿ ಬರೆಯುವದು ಅವರಿಗೆ ನಿತ್ಯದ ಕೆಲಸ. ಹೊರಡುವದಕ್ಕಿಂತ ಮುಂಚೆ, ಅದೇ ವರ್ಷದ ಫೆಬ್ರುವರಿ ತಿಂಗಳಲ್ಲಿ, ಗಾಂಧೀಜಿಯವರು ಸತ್ಯಾಗ್ರಹಿಗಳಿಗೋಸ್ಕರ ನಿಯಮಗಳನ್ನು ಬರೆದು ಪ್ರಕಟಿಸಿದ್ದರು. ಸಿಟ್ಟನ್ನು ಮನಸ್ಸಿನಲ್ಲಿ ಇಟ್ಟುಕೊಳ್ಳಬಾರದು, ಎದುರಾಳಿಯ ಸಿಟ್ಟನ್ನು ತಾಳಿಕೊಳ್ಳಬೇಕು, ಹೊಡೆದರೆ ತಿರುಗಿ ಹೊಡೆಯಬಾರದು, ಹಿಡಿಯಲು ಬಂದರೆ ತಪ್ಪಿಸಿಕೊಳ್ಳಬಾರದು, ಬೈಯಬಾರದು. ಇವೆಲ್ಲವುಗಳ ಜೊತೆಗೆ ಮತ್ತೊಂದು ನಿಯಮವಿತ್ತು, ಅದನ್ನು ನಾವು ಮುಖ್ಯವಾಗಿ ನೆನಪಿನಲ್ಲಿಡಬೇಕು. ಯಾರಾದರೂ ಒಬ್ಬ ಸರಕಾರಿ ಅಧಿಕಾರಿಯನ್ನು ಅವಮಾನಪಡಿಸಲು ಇಲ್ಲವೆ ಹೊಡೆಯಲು ಬಂದರೆ, ಸತ್ಯಾಗ್ರಹಿಯು ತನ್ನ ಪ್ರಾಣವನ್ನಾದರೂ ಅಪಾಯಕ್ಕೆ ಒಡ್ಡಿ ಆ ಅಧಿಕಾರಿಯನ್ನು ಕಾಪಾಡಬೇಕು.

ನೋಡಿರಿ, ಯಾವ ಸರಕಾರದ ಕಾಯಿದೆಯನ್ನು ಮುರಿಯುತ್ತಾರೋ ಅದೇ ಸರಕಾರದ ಚಾಕರನಿಗೆ ಅಡ್ಡವಾಗಿ ನಿಂತು ಪೆಟ್ಟು ತಿನ್ನಬೇಕು. ಅಹಿಂಸೆಯು ಎಷ್ಟು ದೂರ ಹೋಗುತ್ತದೆಂಬದು ಈ ಒಂದು ನಿಯಮದಿಂದಲೇ ತಿಳಿಯುತ್ತದೆ. ಶತ್ರುವಿಗೆ ತಾನು ಕೇಡುಮಾಡದಿದ್ದರೆ ಸಾಲದು. ಬೇರೊಬ್ಬರು ಅವನಿಗೆ ಕೇಡುಮಾಡುವದನ್ನೂ ಸುಮ್ಮನೆ ನೋಡಬಾರದು.

೨. ಹೊಸರಿತ್ತಿಯಲ್ಲಿ ನಡೆದದ್ದು

ಸೆರೆಮನೆಯಿಂದ ಹೊರಗೆ ಬಂದ ಮಹಾದೇವಪ್ಪನವರು ತಮ್ಮ ಸೀಮೆಗೆ ತಿರುಗಿ ಬಂದು, ಹಾವೇರಿ ತಾಲೂಕಿನ ಹಳ್ಳಿಗಳಲ್ಲಿ ಖಾದಿ ಮತ್ತು ಗ್ರಾಮಸೇವೆಯ ಕೆಲಸವನ್ನು ಮಾಡಿದರು. ಅವರ ಪತ್ನಿ ಸಿದ್ದಮ್ಮನವರೂ ಸಾಬರ್ಮತಿಯಲ್ಲಿದ್ದು ಸೆರೆವಾಸವನ್ನು ಅನುಭವಿಸಿದವರು. ಹೀಗಿರಲಾಗಿ ೧೯೪೨ನೇ ಆಗಸ್ಟ್ ೮ರಂದು ಮುಂಬಯಿಯಲ್ಲಿ ಕಾಂಗ್ರೆಸ್ಸು ಬ್ರಿಟಿಷರು ದೇಶ ಬಿಟ್ಟು ಹೋಗಬೇಕೆಂದು ನಿರ್ಣಯ ಮಾಡಿತು. ಮಾರನೇ ದಿನ ಬೆಳಗಾಗುವದಕ್ಕೆ ಮುಂಚೆಯೇ ಸರಕಾರವು ಗಾಂಧೀಜಿಯವರನ್ನೂ ಮುಖ್ಯ ಮುಂದಾಳುಗಳನ್ನೂ ಹಿಡಿದು ಸೆರೆಯಲ್ಲಿಟ್ಟಿತು. ಕಲಿಸುವವರು ಒಳಗೆ, ಕಲಿಯಬೇಕಾದವರು ಹೊರಗೆ ಎಂಬ ಸ್ಥಿತಿಯಾಯಿತು. ಪ್ರತಿಯೊಬ್ಬರೂ ತಮ್ಮ ತಮ್ಮ ಬುದ್ಧಿಗೆ ತೋರಿದಂತೆ ಹೋರಾಡಿದರು.

ಆಗಿನ ಧಾರವಾಡ ಜಿಲ್ಲೆಯಲ್ಲಿ ಚಾವಡಿಗಳನ್ನೂ ಕಂದಾಯದ ದಫ್ತರಗಳನ್ನೂ ಸುಡುವದು, ತಂತಿಯನ್ನು ಕತ್ತರಿಸುವದು, ಪೊಲೀಸರ ಬಂದೂಕುಗಳನ್ನು ಕಸಿಯುವದು ಮುಂತಾದ ಕಾರ್ಯಗಳು ಅನೇಕ ಕಡೆ ನಡೆದವು. ಮಹಾದೇವಪ್ಪನವರ ತಂಡವು ಇವುಗಳಲ್ಲಿ ಮುಂದಾಗಿತ್ತು. ಯಾರ ಪ್ರಾಣವನ್ನೂ ತೆಗೆಯಬಾರದೆಂಬ ಕಟ್ಟಳೆಯನ್ನು ಅವರು ಹಾಕಿಕೊಂಡಿದ್ದರೆಂದು ನಮ್ಮ ಸೀಮೆಯ ಹಿರಿಯರು ಹೇಳುತ್ತ ಬಂದಿದ್ದಾರೆ. ೧೯೪೩ನೇ ಏಪ್ರಿಲ್ ೧ರಂದು ಅವರು ವರದಾ ನದಿಯ ದಂಡೆಯಲ್ಲಿರುವ ಹೊಸರಿತ್ತಿಗೆ ಹೋದರು. ಅಲ್ಲಿ ವೀರಭದ್ರನ ಗುಡಿಯಲ್ಲಿ ಸುತ್ತಲಿನ ಹಳ್ಳಿಗಳ ಕಂದಾಯದ ಹಣವನ್ನು ಪೊಲೀಸ್ ಕಾವಲಿನಲ್ಲಿ ಇಟ್ಟಿದ್ದರು. ಅದನ್ನು ವಶಪಡಿಸಿಕೊಳ್ಳುವ ಸಮಯದಲ್ಲಿ ಗುಂಡುಗಳು ಹಾರಿದವು. ಮಹಾದೇವಪ್ಪನವರೂ, ಅವರ ಸಂಗಡಿಗರಾದ ತಿರಕಪ್ಪ ಮಡಿವಾಳರ ಮತ್ತು ವೀರಯ್ಯ ಹಿರೇಮಠ ಎಂಬವರೂ ಪ್ರಾಣ ಬಿಟ್ಟರು. ಮಹಾದೇವಪ್ಪನವರಿಗೆ ಆಗ ೩೧ ವರ್ಷ ಪ್ರಾಯ.

ಇವರನ್ನು ತೀರ್ಪಿಗೆ ನಿಲ್ಲಿಸುವದು ನಮ್ಮ ಉದ್ದೇಶವಲ್ಲ. ಸ್ವಂತ ಲಾಭವನ್ನು ಕಾಣದೆ ಪ್ರಾಣವನ್ನೇ ಕೊಟ್ಟವರ ಮುಂದೆ, ಏನನ್ನೂ ಕೊಡದ ನಾವು ನ್ಯಾಯಾಧೀಶರಾಗಿ ಕೂರುವದು ಸಲ್ಲದು. ಆದರೂ ಪಾಠವನ್ನು ಕಲಿಯಬೇಕಾದರೆ ಪ್ರಶ್ನೆಯನ್ನು ಮರೆಮಾಡಬಾರದು. ೧೯೪೪ನೇ ಮೇ ತಿಂಗಳಲ್ಲಿ ಸೆರೆಯಿಂದ ಹೊರಗೆ ಬಂದ ಗಾಂಧೀಜಿಯವರು ತಾವೇ ಇದಕ್ಕೆ ಉತ್ತರ ಹೇಳಿದರು. ಭೂಗತರಾಗಿ ಹೋರಾಡಿದವರ ಧೈರ್ಯವನ್ನು ಅವರು ಮೆಚ್ಚಿದರು. ಆದರೆ ಸೊತ್ತನ್ನು ನಾಶಮಾಡುವದೂ ಮರೆಯಲ್ಲಿದ್ದು ಕೆಲಸಮಾಡುವದೂ ಅಹಿಂಸೆಯಲ್ಲವೆಂದು ತಿಳಿಸಿ, ಅಡಗಿದ್ದವರು ಬೈಲಿಗೆ ಬರಬೇಕೆಂದು ಕೇಳಿಕೊಂಡರು.

೩. ನಮ್ಮ ನೆರೆಯಲ್ಲೇ ಇದ್ದ ಬೇರೊಂದು ದಾರಿ

ಅನ್ಯಾಯವಾದ ಕಂದಾಯವನ್ನು ಎದುರಿಸುವದಕ್ಕೆ ಪೆಟ್ಟಿಗೆಯನ್ನು ಕಸಿಯುವದಲ್ಲದೆ ಬೇರೆ ದಾರಿ ಇರಲಿಲ್ಲವೋ ಎಂದು ಕೆಲವರು ಕೇಳುವರು. ಇತ್ತು, ಅದು ನಮ್ಮ ನೆರೆಯಲ್ಲೇ ಇತ್ತು. ೧೯೩೨ರ ಹೊತ್ತಿಗೆ ಅಂಕೋಲೆ, ಸಿದ್ದಾಪುರ ತಾಲೂಕುಗಳ ಒಕ್ಕಲು ಮಕ್ಕಳು ಕಂದಾಯ ಕೊಡುವದಿಲ್ಲವೆಂದು ಬಹಿರಂಗವಾಗಿ ಹೇಳಿ ಕೂತರು. ಸರಕಾರವು ಅವರ ಹೊಲ ಮನೆಗಳನ್ನು ಜಪ್ತಿ ಮಾಡಿ ಹರಾಜಿಗೆ ಇಟ್ಟಿತು. ಸಿದ್ದಾಪುರದ ಮಾವಿನಗುಂಡಿಯಲ್ಲಿ, ಜಪ್ತಿಯಾದ ಸೊತ್ತನ್ನು ಕೊಂಡವರ ಮನೆಯ ಮುಂದೆ ಹೆಂಗಸರು ಉಪವಾಸ ಕೂತರು. ಕೊಂಡವನ ಮನೆಗೆ ಬೆಂಕಿ ಇಡಲಿಲ್ಲ. ಅವನ ಮಕ್ಕಳನ್ನು ಬೆದರಿಸಲಿಲ್ಲ. ತಾವೇ ಹಸಿದುಕೊಂಡು ಅವನ ಅಂತಃಕರಣದ ಮುಂದೆ ತಮ್ಮ ದೂರನ್ನು ಇಟ್ಟರು.

ಇದರಿಂದ ಅವರಿಗೆ ಕಷ್ಟ ತಪ್ಪಿತೋ? ತಪ್ಪಲಿಲ್ಲ. ಅನೇಕ ಕುಟುಂಬಗಳು ವರ್ಷಗಟ್ಟಲೆ ಭೂಮಿಯಿಲ್ಲದೆ ಬಳಲಿದವು. ಅಹಿಂಸೆಯ ದಾರಿ ಸುಲಭದ್ದೆಂದು ನಾವು ಯಾರಿಗೂ ಹೇಳಲಾರೆವು. ೧೯೩೦ನೇ ಮೇ ೨೧ರಂದು ಗುಜರಾತಿನ ಧಾರಾಸನದ ಉಪ್ಪಿನ ಕೋಠಿಗೆ ಹೋದ ಸ್ವಯಂಸೇವಕರು ಸಾಲು ಸಾಲಾಗಿ ಮುಂದೆ ನಡೆದು, ಕಬ್ಬಿಣದ ತುದಿಯ ಲಾಠಿಗಳಿಂದ ತಲೆಯ ಮೇಲೆ ಪೆಟ್ಟು ತಿಂದು ಬಿದ್ದರು. ತಡೆಯಲಿಕ್ಕೆ ಕೈಯನ್ನೂ ಎತ್ತಲಿಲ್ಲ. ವೆಬ್ ಮಿಲ್ಲರ್ ಎಂಬ ಅಮೇರಿಕದ ವರದಿಗಾರನು ಇದನ್ನು ಕಣ್ಣಾರೆ ಕಂಡು ಬರೆದನು. ಲೋಕವೆಲ್ಲ ಅದನ್ನು ಓದಿತು. ಮರುವರ್ಷ ಮಾರ್ಚಿಯಲ್ಲಿ ಆದ ಗಾಂಧಿ–ಇರ್ವಿನ್ ಒಪ್ಪಂದದಲ್ಲಿ ಕಡಲತೀರದ ಬಡವರು ಮನೆಯ ಖರ್ಚಿಗೆ ಉಪ್ಪು ಮಾಡಿಕೊಳ್ಳಬಹುದೆಂದು ಸರಕಾರವು ಒಪ್ಪಬೇಕಾಯಿತು.

೪. ನಮ್ಮ ಕಾಲದ ಎರಡು ದಿವಸಗಳು

ಈಗ ನಮ್ಮ ಕಾಲಕ್ಕೆ ಬರೋಣ. ೨೦೦೮ನೇ ಜೂನ್ ೧೦ರಂದು, ಮುಂಗಾರಿನ ಬಿತ್ತನೆಯ ಹೊತ್ತಿನಲ್ಲಿ, ಹಾವೇರಿಯಲ್ಲಿ ರೈತರು ಗೊಬ್ಬರಕ್ಕಾಗಿ ಕೂಡಿದ್ದರು. ಹಸಿ ಆರುವದರೊಳಗೆ ಬಿತ್ತಬೇಕು; ಗೊಬ್ಬರವಿಲ್ಲ. ಈ ಸಂಕಟ ಒಕ್ಕಲುತನ ಮಾಡುವವನಿಗೇ ಗೊತ್ತು. ಜನರಿಗೂ ಪೊಲೀಸರಿಗೂ ಘರ್ಷಣೆಯಾಗಿ, ಪೊಲೀಸರು ಗುಂಡು ಹಾರಿಸಿದರು. ಅದರಿಂದ ಇಬ್ಬರು ರೈತರು ಸತ್ತರು.

೨೦೨೪ನೇ ಮಾರ್ಚಿ ೧೧ರಂದು ಬ್ಯಾಡಗಿಯ ಮೆಣಸಿನಕಾಯಿ ಮಾರುಕಟ್ಟೆಯಲ್ಲಿ ದರವು ಒಮ್ಮೆಲೇ ಕುಸಿಯಿತೆಂದು ರೈತರು ಕೆರಳಿದರು. ದೂರ ದೂರದಿಂದ ಚೀಲಗಳನ್ನು ಹೇರಿಕೊಂಡು ಬಂದವರು, ಸಾಲ ತೀರಿಸುವ ಆಶೆಯಿಂದ ಬಂದವರು ಅಲ್ಲಿದ್ದರು. ಅವರ ದುಃಖ ಸುಳ್ಳಾಗಿರಲಿಲ್ಲ. ಆದರೆ ಆ ದುಃಖವು ಸಿಟ್ಟಾಯಿತು; ಸಿಟ್ಟು ಕಲ್ಲಾಯಿತು; ಕಲ್ಲು ಬೆಂಕಿಯಾಯಿತು. ಮಾರುಕಟ್ಟೆಯ ಕಚೇರಿ ಹಾಳಾಯಿತು, ವಾಹನಗಳು ಸುಟ್ಟವು. ಮರುದಿನ ಜನರು ಮಾತಾಡಿದ್ದು ಯಾವದನ್ನು? ಮೆಣಸಿನಕಾಯಿಯ ದರವನ್ನಲ್ಲ, ಸುಟ್ಟ ವಾಹನಗಳನ್ನು. ರೈತನ ನ್ಯಾಯವಾದ ದೂರು ಹೊಗೆಯಲ್ಲಿ ಮುಚ್ಚಿಹೋಯಿತು.

ಈ ಎರಡು ಸಂಗತಿಗಳಿಂದ ಎರಡು ಕಡೆಯ ಎಚ್ಚರಿಕೆ ನಮಗೆ ದೊರೆಯುತ್ತದೆ. ಬಂದೂಕನ್ನು ಹಿಡಿದ ಅಧಿಕಾರವು ಜನರ ಹಸಿವನ್ನು ಕೇಳುವದಕ್ಕಿಂತ ಮುಂಚೆ ಗುಂಡು ಹಾರಿಸಿದರೆ ಅದು ಹಿಂಸೆಯೇ. ನ್ಯಾಯವುಳ್ಳ ಜನರು ತಮ್ಮ ನ್ಯಾಯವನ್ನು ಬೆಂಕಿಯ ಕೈಗೆ ಕೊಟ್ಟರೆ ಅದೂ ಹಿಂಸೆಯೇ. ಮೊದಲನೆಯದನ್ನು ಮಾತ್ರ ಹೇಳಿ ಎರಡನೆಯದನ್ನು ಬಿಡುವದು ಸುಲಭ; ಎರಡನೆಯದನ್ನು ಮಾತ್ರ ಹೇಳಿ ಬಡವರನ್ನು ಗದರಿಸುವದು ಇನ್ನೂ ಸುಲಭ.

ಆದರೆ ನಮ್ಮ ಸಭೆಗಳವರಿಗೆ ಮೂರನೆಯ ಅಪಾಯವೊಂದುಂಟು. ಗಲಾಟೆಯಾದ ದಿವಸ ಬಾಗಿಲು ಹಾಕಿಕೊಂಡು ಮನೆಯಲ್ಲಿ ಕೂತು, ನಾವು ಸಮಾಧಾನದ ಜನರು, ನಮಗೆ ಇದೆಲ್ಲ ಬೇಡ ಎಂದು ಹೇಳಿಕೊಳ್ಳುವದು. ಪರ್ವತ ಪ್ರಸಂಗವನ್ನು ನಾವು ಎಳೆತನದಿಂದ ಕೇಳಿದವರು. ಅದರಲ್ಲಿ ಹೊಗಳಲ್ಪಟ್ಟವರು ಸುಮ್ಮನಿರುವವರಲ್ಲ, ಸಮಾಧಾನವನ್ನು ಉಂಟುಮಾಡುವವರು. ಉಂಟುಮಾಡಬೇಕಾದರೆ ಜಗಳವಿದ್ದ ಸ್ಥಳಕ್ಕೆ ಹೋಗಬೇಕಷ್ಟೆ. ಅಂಜಿಕೆಗೂ ಅಹಿಂಸೆಗೂ ಗಾಂಧೀಜಿಯವರು ಎಷ್ಟು ದೂರವನ್ನು ಕಂಡರೆಂದರೆ, ಹೇಡಿತನ ಇಲ್ಲವೆ ಹಿಂಸೆ ಎಂಬ ಎರಡರಲ್ಲಿ ಒಂದನ್ನೇ ಆರಿಸಬೇಕಾಗಿ ಬಂದರೆ ಹಿಂಸೆಯನ್ನೇ ಆರಿಸಿರೆನ್ನುವೆನೆಂದು ೧೯೨೦ರಲ್ಲಿ ಬರೆದರು. ಹಿಂಸೆ ಒಳ್ಳೇದೆಂದು ಇದರ ಅರ್ಥವಲ್ಲ. ಹೇಡಿಯು ಅಹಿಂಸೆಯ ಶಾಲೆಗೆ ಇನ್ನೂ ಸೇರಿಯೇ ಇಲ್ಲವೆಂದು ಅರ್ಥ.

೫. ಅಹಿಂಸೆಯು ಅಭ್ಯಾಸದಿಂದ ಬರುವದು

ಬ್ಯಾಡಗಿಯ ಆ ದಿವಸದಲ್ಲಿ ನಾವೇ ಗುಂಪಿನ ನಡುವೆ ಇದ್ದಿದ್ದರೆ ಏನು ಮಾಡುತ್ತಿದ್ದೆವು? ಪ್ರಾಮಾಣಿಕವಾಗಿ ಹೇಳುವದಾದರೆ, ನಮ್ಮಲ್ಲಿ ಹೆಚ್ಚಿನವರು ಓಡಿಹೋಗುತ್ತಿದ್ದೆವು. ಕೆಲವರು ಕಲ್ಲನ್ನೂ ಎತ್ತುತ್ತಿದ್ದೆವು. ಕಾರಣವೇನಂದರೆ ಬೇರೆ ಏನು ಮಾಡಬೇಕೆಂಬದನ್ನು ನಾವು ಎಂದೂ ಅಭ್ಯಾಸ ಮಾಡಿದವರಲ್ಲ. ಈಸು ಬಾರದವನು ವರದಾ ನದಿಗೆ ನೆರೆ ಬಂದ ದಿನ ಈಸು ಕಲಿಯಲಾರನು.

ಇದನ್ನು ಚೆನ್ನಾಗಿ ಅರಿತುಕೊಂಡವರಲ್ಲಿ ಜೇಮ್ಸ್ ಲಾಸನ್ ಎಂಬ ಅಮೇರಿಕದ ಮೆಥೊಡಿಸ್ಟ್ ಬೋಧಕರು ಒಬ್ಬರು. ಅವರು ೧೯೫೦ರ ದಶಕದಲ್ಲಿ ಮೂರು ವರ್ಷ ನಮ್ಮ ದೇಶದ ನಾಗಪುರದ ಹಿಸ್ಲಾಪ್ ಕಾಲೇಜಿನಲ್ಲಿ ಕೆಲಸಮಾಡಿ, ಗಾಂಧೀಜಿಯವರ ಮಾರ್ಗವನ್ನು ಅಭ್ಯಾಸ ಮಾಡಿದರು. ತಮ್ಮ ದೇಶಕ್ಕೆ ತಿರುಗಿ ಹೋಗಿ, ನ್ಯಾಶ್‌ವಿಲ್ ಎಂಬ ಪಟ್ಟಣದಲ್ಲಿ ವಿದ್ಯಾರ್ಥಿಗಳಿಗೆ ಪಾಠ ಹೇಳಿದರು. ಕರೀ ಜನರು ಅಂಗಡಿಗಳಲ್ಲಿ ಸಾಮಾನು ಕೊಳ್ಳಬಹುದು, ಆದರೆ ಅಲ್ಲೇ ಕೂತು ಉಣ್ಣಕೂಡದು ಎಂಬ ಅವಮಾನದ ಕಟ್ಟಳೆ ಅಲ್ಲಿತ್ತು. ಲಾಸನ್ನರ ಪಾಠ ಮಾತಿನಲ್ಲೇ ಮುಗಿಯಲಿಲ್ಲ. ಕೆಲವರು ಕುರ್ಚಿಯ ಮೇಲೆ ಕೂತರು; ಉಳಿದವರು ಅವರನ್ನು ಬೈದು, ಎಳೆದಾಡಿ, ನೂಕಿದರು. ಕೂತವರು ತಿರುಗಿ ಹೊಡೆಯದೆಯೂ ಓಡದೆಯೂ ಇರುವದನ್ನು ತಿಂಗಳುಗಟ್ಟಲೆ ಕಲಿತರು. ೧೯೬೦ನೇ ಫೆಬ್ರುವರಿಯಲ್ಲಿ ಅವರು ನಿಜವಾದ ಅಂಗಡಿಗಳಿಗೆ ಹೋಗಿ ಕೂತಾಗ, ಅಭ್ಯಾಸದಲ್ಲಿ ಕಂಡದ್ದೆಲ್ಲವೂ ನಿಜವಾಗಿಯೇ ನಡೆಯಿತು. ಅವರು ಕದಲಲಿಲ್ಲ. ಅದೇ ಮೇ ತಿಂಗಳಲ್ಲಿ ಆ ಊರಿನ ಅಂಗಡಿಗಳು ಅವರಿಗೆ ಊಟ ಬಡಿಸಲು ಆರಂಭಿಸಿದವು.

ಇಂಥಾ ಮಾರ್ಗದಿಂದ ಫಲ ಸಿಕ್ಕುವದೋ ಎಂದು ಸಂದೇಹಪಡುವವರಿಗೆ ಒಂದು ಲೆಕ್ಕವನ್ನು ಹೇಳುತ್ತೇವೆ. ಎರಿಕಾ ಚೆನೊವೆತ್, ಮರಿಯಾ ಸ್ಟೆಫನ್ ಎಂಬ ಇಬ್ಬರು ವಿದ್ವಾಂಸರು, ೧೯೦೦ರಿಂದ ೨೦೦೬ರ ವರೆಗೆ ಲೋಕದಲ್ಲಿ ನಡೆದ ೩೨೩ ದೊಡ್ಡ ಚಳವಳಿಗಳನ್ನು ಪರೀಕ್ಷಿಸಿ ೨೦೧೧ರಲ್ಲಿ ಪುಸ್ತಕ ಬರೆದರು. ಆಯುಧ ಹಿಡಿದ ಚಳವಳಿಗಳಲ್ಲಿ ನೂರಕ್ಕೆ ೨೬ ಮಾತ್ರ ಗೆದ್ದವು. ಆಯುಧವಿಲ್ಲದವುಗಳಲ್ಲಿ ನೂರಕ್ಕೆ ೫೩ ಗೆದ್ದವು. ಮುದುಕರು, ಹೆಂಗಸರು, ಕೂಲಿಯವರು ಎಲ್ಲರೂ ಸೇರಬಹುದಾದ ಕಾರ್ಯವಾದ್ದರಿಂದ ಅದಕ್ಕೆ ಬಲ ಹೆಚ್ಚು ಎಂದು ಅವರು ಕಂಡುಕೊಂಡರು. ಆದರೂ ನೂರಕ್ಕೆ ೪೭ ಗೆಲ್ಲಲಿಲ್ಲವೆಂಬದನ್ನೂ ನಾವು ಮರೆಯಬಾರದು. ಗೆಲುವು ನಿಶ್ಚಯವೆಂದು ತಿಳಿದು ಈ ದಾರಿಗೆ ಬಂದವನು ಮೊದಲನೇ ಸೋಲಿನಲ್ಲೇ ಕಲ್ಲನ್ನು ಹುಡುಕುವನು.

೬. ನಾವು ಮಾಡತಕ್ಕದ್ದು

ಈ ಪಾಠವು ಓದಿನಲ್ಲೇ ನಿಲ್ಲದಂತೆ ಕೆಲವು ಸೂಚನೆಗಳನ್ನು ಕೊಡುತ್ತೇವೆ.

ಮೊದಲನೆಯದು. ದೂರು ಹೇಳಲು ಹೋಗುವ ಮುಂಚೆ ಅದನ್ನು ಒಂದು ಕಾಗದದ ಮೇಲೆ ಬರೆಯಿರಿ. ಏನು ಕೇಳುತ್ತೇವೆ, ಯಾರನ್ನು ಕೇಳುತ್ತೇವೆ, ಎಷ್ಟು ಸಿಕ್ಕರೆ ತಿರುಗಿ ಬರುತ್ತೇವೆ ಎಂಬದು ಎಲ್ಲರಿಗೂ ತಿಳಿದಿರಲಿ. ಏನು ಬೇಕೆಂದು ತಿಳಿಯದ ಗುಂಪು ಬೇಗ ಬೆಂಕಿಯ ಕಡೆಗೆ ತಿರುಗುತ್ತದೆ.

ಎರಡನೆಯದು. ಮಾತಾಡುವವರು ಇಬ್ಬರು ಮೂವರು ಮಾತ್ರ ಇರಲಿ. ಅವರನ್ನು ಊರಲ್ಲೇ ಆರಿಸಿಕೊಂಡು ಹೋಗಿರಿ. ಹೆಂಗಸರನ್ನು ಬಿಡಬೇಡಿರಿ, ಮಾವಿನಗುಂಡಿಯನ್ನು ನೆನಸಿರಿ.

ಮೂರನೆಯದು. ಎದುರಿಗಿರುವವನನ್ನು ಕಾಯುವದಕ್ಕೆ ಕೆಲವರನ್ನು ನೇಮಿಸಿರಿ. ಒಂದು ದೃಷ್ಟಾಂತವನ್ನು ಹೇಳುತ್ತೇವೆ. ರಾಣಿಬೆನ್ನೂರಿನ ಪೇಟೆಯಲ್ಲಿ ಕೊಂಡ ಬೀಜವು ಹೊಲದಲ್ಲಿ ಮೊಳೆಯಲಿಲ್ಲವೆಂದು ಇಟ್ಟುಕೊಳ್ಳಿರಿ. ನಷ್ಟವಾದ ಇಪ್ಪತ್ತು ಮಂದಿ ಅಂಗಡಿಗೆ ಹೋಗುತ್ತಾರೆ. ಗಲ್ಲೆಯ ಮೇಲೆ ಕೂತವನು ಸಂಬಳದ ಹುಡುಗ; ಬೀಜವನ್ನು ಮಾಡಿದವನು ಅವನಲ್ಲ, ದರವನ್ನು ಕಟ್ಟಿದವನೂ ಅವನಲ್ಲ. ಮೊದಲನೇ ಪೆಟ್ಟು ಬೀಳುವದು ಅವನಿಗೇ. ಆ ಇಪ್ಪತ್ತರಲ್ಲಿ ಇಬ್ಬರು ಮೊದಲೇ ಗೊತ್ತುಮಾಡಿಕೊಂಡು ಆ ಹುಡುಗನ ಎಡಕ್ಕೂ ಬಲಕ್ಕೂ ನಿಂತರೆ, ಸಿಟ್ಟು ಯಜಮಾನನ ಬಳಿಗೂ ಕೃಷಿ ಇಲಾಖೆಯ ಕಚೇರಿಗೂ ಮಾತಾಗಿ ಹೋಗುತ್ತದೆ. ಹುಡುಗನ ಮೈಮೇಲೆ ಗಾಯವಾಗಿ ಉಳಿಯುವದಿಲ್ಲ.

ನಾಲ್ಕನೆಯದು. ಕಲ್ಲು ಬಿದ್ದರೆ ಏನು ಮಾಡಬೇಕೆಂಬದನ್ನು ಮೊದಲೇ ಒಪ್ಪಿಕೊಳ್ಳಿರಿ. ಯಾರು ಎಸೆದರೂ ಸರಿ, ನಮ್ಮವರೆಲ್ಲ ನಿಂತಲ್ಲೇ ನೆಲದ ಮೇಲೆ ಕೂತುಬಿಡಬೇಕು. ಆಗ ಎಸೆಯುವವನು ಒಬ್ಬನೇ ನಿಂತು ಕಾಣುವನು. ಇದನ್ನು ತರುಣರ ಕೂಟದಲ್ಲಿ ಆಟದಂತೆ ಮಾಡಿ ನೋಡಿರಿ. ಒಬ್ಬನು ಬೈಯಲಿ, ಮತ್ತೊಬ್ಬನು ತಾಳಲಿ. ಅನಂತರ ಇಬ್ಬರೂ ಸ್ಥಳ ಬದಲಾಯಿಸಲಿ. ಮೊದಲು ನಗೆ ಬರುವದು. ಎರಡನೇ ಸಲ ಸಿಟ್ಟು ಬರುವದು. ನಾಲ್ಕನೇ ಸಲಕ್ಕೆ ತನ್ನ ಸಿಟ್ಟು ಎಲ್ಲಿಂದ ಏಳುತ್ತದೆಂದು ತನಗೇ ತಿಳಿಯುವದು.

ಐದನೆಯದು. ದೊಡ್ಡ ಪೇಟೆಗೆ ಹೋಗುವದಕ್ಕಿಂತ ಮುಂಚೆ ಸಣ್ಣ ಜಗಳಗಳಲ್ಲಿ ಅಭ್ಯಾಸ ಮಾಡಿರಿ. ಬದುವಿನ ವ್ಯಾಜ್ಯ, ನೀರಿನ ಸರದಿ, ಅಣ್ಣತಮ್ಮಂದಿರ ಪಾಲು ಇವುಗಳಲ್ಲಿ ಬಾಯಿ ಕಟ್ಟಲಾರದವನು ಗುಂಪಿನಲ್ಲಿ ಕೈ ಕಟ್ಟಲಾರನು.

ಹೊಸರಿತ್ತಿಗೆ ಹೋಗುವ ಸಂದರ್ಭ ಒದಗಿದರೆ ಮಹಾದೇವಪ್ಪನವರು ಸತ್ತ ಸ್ಥಳದಲ್ಲಿ ಸ್ವಲ್ಪ ಹೊತ್ತು ನಿಲ್ಲಿರಿ. ಧೈರ್ಯವನ್ನು ಅವರಿಂದ ಕಲಿಯಬೇಕು, ಅದರಲ್ಲಿ ಸಂಶಯವಿಲ್ಲ. ಆ ಧೈರ್ಯವನ್ನು ಯಾವ ದಾರಿಯಲ್ಲಿ ನಡಿಸಬೇಕೆಂಬದನ್ನೂ ಅವರಿಂದಲೇ, ಅಂದರೆ ದಾಂಡಿಗೆ ನಡೆದ ಆ ೧೮ ವರ್ಷದ ಹುಡುಗನಿಂದ, ಕಲಿಯಬಹುದು.

ಕೂಟಗಳಲ್ಲಿ ವಿಚಾರಿಸತಕ್ಕ ಪ್ರಶ್ನೆಗಳು

೧. ಅಂಜಿಕೆಯಿಂದ ಸುಮ್ಮನಿರುವದಕ್ಕೂ ಅಹಿಂಸೆಗೂ ಇರುವ ಭೇದವನ್ನು ನಿಮ್ಮ ಊರಿನ ಒಂದು ಸಂಗತಿಯಿಂದ ತೋರಿಸಿರಿ.

೨. ಪ್ರಾಣ ತೆಗೆಯದೆ ಸೊತ್ತನ್ನು ಮಾತ್ರ ನಾಶಮಾಡುವದು ಅಹಿಂಸೆಯಾಗಬಹುದೋ? ಎರಡೂ ಪಕ್ಷಗಳ ಕಾರಣಗಳನ್ನು ಹೇಳಿರಿ.

೩. ಹಾವೇರಿಯ ಮತ್ತು ಬ್ಯಾಡಗಿಯ ಸಂಗತಿಗಳಲ್ಲಿ ಅಧಿಕಾರದಲ್ಲಿದ್ದವರು ಮುಂಚಿತವಾಗಿ ಮಾಡಬೇಕಾಗಿದ್ದದ್ದು ಏನು? ಜನರು ಮಾಡಬೇಕಾಗಿದ್ದದ್ದು ಏನು?

೪. ನೀವು ಈಗ ಯಾರ ಮೇಲೆ ಸಿಟ್ಟಾಗಿದ್ದೀರಿ? ಇನ್ನೊಬ್ಬನು ಅವನನ್ನು ಹೊಡೆಯಲು ಬಂದರೆ ನೀವು ಅಡ್ಡ ನಿಲ್ಲುವಿರೋ? ಈ ಪ್ರಶ್ನೆಗೆ ಕೂಟದಲ್ಲಿ ಉತ್ತರ ಹೇಳಬೇಕಾಗಿಲ್ಲ. ಮನೆಗೆ ಹೋಗುವ ದಾರಿಯಲ್ಲಿ ಯೋಚಿಸಿರಿ.